ಓದುಗರು ಕೇಳಿದ್ದು: ಜಾಕಿ ಚಾನ್‌ ಬೀಳುವ ವಿದ್ಯೆ

ಪ್ರಶ್ನೆ (ಜಮಖಂಡಿ): ಜಾಕಿ ಚಾನ್‌ ಎಪ್ಪತ್ತು ದಾಟಿದ್ರೂ ಫೈಟ್‌ ಬಿಟ್ಟಿಲ್ಲ. ಅಂವಾ ಪಳಗಿದ್ದು ಯಾವ ಗರಡ್ಯಾಗ?

ಉತ್ತರ: ಗರಡಿಯಲ್ಲಲ್ಲ, ನಾಟಕದ ಶಾಲೆಯಲ್ಲಿ. 1954ರಲ್ಲಿ ಹಾಂಗ್‌ಕಾಂಗ್‌ನಲ್ಲಿ ಹುಟ್ಟಿದ ಹುಡುಗನನ್ನು ಹೆತ್ತವರು ಯು ಜಿಮ್‌ ಯುವೆನ್‌ ಅವರ ಪೀಕಿಂಗ್‌ ಒಪೆರಾ (ಚೀನಾದ ಸಂಗೀತ ನಾಟಕ) ಶಾಲೆಗೆ ಬಿಟ್ಟರು. ಹಾಡು, ಅಭಿನಯ, ಲಾಗ, ಕತ್ತಿವರಸೆ ಎಲ್ಲ ಒಬ್ಬನೇ ಕಲಿಯಬೇಕು; ದೊಡ್ಡಾಟ ಕಂಡ ಊರಿನವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಸ್ಯಾಮೋ ಹಂಗ್‌, ಯುವೆನ್‌ ಬಿಯಾವೊ ಅಲ್ಲಿಯ ಜೊತೆಗಾರರು. ಮುಂದೆ ಚಾನ್‌ಗೆ ಬ್ರೂಸ್‌ ಲೀ ಚಿತ್ರಗಳಲ್ಲಿ ಒದೆ ತಿಂದು ಬೀಳುವ ಕೆಲಸ. 1973ರಲ್ಲಿ ಲೀ ತೀರಿಕೊಂಡ ಮೇಲೆ ಇವರನ್ನೇ ಇನ್ನೊಬ್ಬ ಲೀ ಮಾಡಹೊರಟ ಚಿತ್ರಗಳು ನೆಲಕಚ್ಚಿದವು. 1978ರ ‘ಡ್ರಂಕನ್‌ ಮಾಸ್ಟರ್‌’ ಗೆದ್ದದ್ದು ನಗೆಯಿಂದ. ಲೀ ಗುದ್ದಿದರೆ ಎದುರಾಳಿಗೆ ನೋವು. ಇವರು ಗುದ್ದಿದರೆ ತಮ್ಮ ಕೈಯನ್ನೂ ಒದರಿಕೊಳ್ಳುತ್ತಾರೆ. 1998ರ ‘ರಶ್‌ ಅವರ್‌’ ಹಾಲಿವುಡ್‌ನಲ್ಲಿ ನೆಲೆ ಕೊಟ್ಟಿತು. 2016ರಲ್ಲಿ ಗೌರವ ಆಸ್ಕರ್‌. ಈಗೀಗ ಗುರುವಿನ ಪಾತ್ರಗಳೇ ಹೆಚ್ಚು. ವಯಸ್ಸಿಗೆ ತಕ್ಕ ಜಾಣತನ ಅದು.

ಪ್ರಶ್ನೆ (ಇಳಕಲ್‌): ಗೆಳೆಯಾರು ಕೂಡಿ ಮೊಬೈಲಿನ್ಯಾಗ ಫೈಟ್‌ ತಗದೇವ್ರಿ. ಹೊಡ್ತ ಸುಳ್ಳಂತ ಗೊತ್ತಾಗಿಬಿಡತೈತಿ. ಎಲ್ಲಿ ತಪ್ಪಾತು?

ಉತ್ತರ: ಬಹುಶಃ ಪಕ್ಕದಿಂದ ತೆಗೆದಿದ್ದೀರಿ. ಪಕ್ಕದಿಂದ ನೋಡಿದರೆ ಮುಷ್ಟಿಗೂ ದವಡೆಗೂ ನಡುವಿನ ಗೇಣು ಬಯಲಾಗುತ್ತದೆ. ಹೊಡೆಸಿಕೊಳ್ಳುವವನ ಬೆನ್ನ ಹಿಂದೆ, ಹೆಗಲ ಮೇಲಿಂದ ಮೊಬೈಲು ಹಿಡಿಯಿರಿ, ಅಂತರ ಮುಚ್ಚಿಹೋಗುತ್ತದೆ. ಕೈ ಮುಖದ ಮುಂದೆ ಹಾದ ಕ್ಷಣಕ್ಕೇ ತಲೆ ಕೈ ಹೋದ ದಿಕ್ಕಿಗೆ ತಿರುಗಬೇಕು. ಮೊದಲೇ ತಿರುಗಿದರೆ ನಗೆಪಾಟಲು. ಮೊಬೈಲು ಅಲುಗಾಡಿಸಬೇಡಿ. ಚಾನ್‌ ಕ್ಯಾಮೆರಾ ನಿಲ್ಲಿಸಿ, ಇಬ್ಬರ ಮೈಯೂ ಪೂರ್ತಿ ಕಾಣುವಂತೆ ತೆಗೆಸುತ್ತಾರೆ. ದೊಡ್ಡ ಹೊಡೆತಕ್ಕೆ ಎರಡು ಶಾಟ್‌: ಮೊದಲನೆಯದು ದೂರದಿಂದ, ಎರಡನೆಯದು ಹತ್ತಿರದಿಂದ. ಜೋಡಿಸುವಾಗ ಮೊದಲನೆಯದರ ಕೊನೆಯ ಎರಡು ಮೂರು ಫ್ರೇಮ್‌ಗಳಷ್ಟು (ಫ್ರೇಮ್‌ ಅಂದರೆ ವಿಡಿಯೊದ ಒಂದು ಬಿಡಿ ಚಿತ್ರ) ಚಲನೆ ಎರಡನೆಯದರಲ್ಲಿ ಮರುಕಳಿಸಬೇಕು. ಸೆಕೆಂಡಿಗೆ 24 ಫ್ರೇಮ್‌ ಓಡುವಾಗ ಆ ಪುನರಾವರ್ತನೆ ಕಣ್ಣಿಗೆ ಬೀಳುವುದಿಲ್ಲ, ಏಟಿನ ತೂಕ ಮಾತ್ರ ಏರುತ್ತದೆ. ಅಂಗಿಗೆ ಚೂರು ಪೌಡರ್‌ ಹಚ್ಚಿದರೆ ಧೂಳೂ ಹಾರುತ್ತದೆ.

ಪ್ರಶ್ನೆ (ವಿಜಯಪುರ): ಜಾಕಿ ಚಾನ್‌ ಗಡಿಯಾರದ ಗೋಪುರದಿಂದ ಬಿದ್ದಿದ್ದು ಖರೇನ?

ಉತ್ತರ: ಖರೇ. 1983ರ ‘ಪ್ರಾಜೆಕ್ಟ್‌ ಎ’. ಕೆಳಗೆ ಬಟ್ಟೆಯ ಎರಡು ಚಪ್ಪರ ಕಟ್ಟಿ ವೇಗ ತಗ್ಗಿಸಿದ್ದರು. ತಲೆಬುರುಡೆ ಒಡೆದದ್ದು ಅದಕ್ಕಿಂತ ಸಣ್ಣ ಕೆಲಸದಲ್ಲಿ. ಯುಗೊಸ್ಲಾವಿಯದಲ್ಲಿ ‘ಆರ್ಮರ್‌ ಆಫ್‌ ಗಾಡ್‌’ ಚಿತ್ರೀಕರಣದಲ್ಲಿ ಗಿಡಕ್ಕೆ ಜಿಗಿಯಬೇಕಿತ್ತು. ಮೊದಲ ಸಲ ಸರಿಯಾಗಿಯೇ ಬಂದಿತ್ತು. ತೃಪ್ತಿಯಾಗದೆ ಇನ್ನೊಮ್ಮೆ ಜಿಗಿದರು, ಟೊಂಗೆ ಮುರಿಯಿತು.