ಉಯ್ಯಾಲೆ ಹೊಳೆ ಬದಿಗಿರಲಿ

ಪ್ರಶ್ನೆ: ರಜೆಯಲ್ಲಿ ಮಕ್ಕಳನ್ನು ಕಾಸರಗೋಡಿನ ಚಂದ್ರಗಿರಿ ಕೋಟೆಗೆ ಕರೆದುಕೊಂಡು ಹೋಗಿದ್ದೆ. ‘ಇಲ್ಲಿ ಏನೂ ಇಲ್ಲ’ ಎಂದು ಸ್ವಲ್ಪ ಹೊತ್ತಿಗೇ ಹೊರಟು ನಿಂತರು. ಅದನ್ನು ಉದ್ಯಾನ ಮಾಡಿ ಉಯ್ಯಾಲೆ, ಜಾರುಬಂಡಿ, ಚರಿತ್ರೆಯ ಪ್ರದರ್ಶನ ಎಲ್ಲ ಇಟ್ಟರೆ ಒಳ್ಳೆಯದಲ್ಲವೇ?
— ಓದುಗಿ, ಮುಳ್ಳೇರಿಯ

ಉತ್ತರ: ಬೇಕು ಅಕ್ಕಾ, ಖಂಡಿತ ಬೇಕು. ಆದರೆ ಉಯ್ಯಾಲೆ ಕೋಟೆಯ ಗೋಡೆಯೊಳಗೆ ಬೇಡ, ಕೆಳಗೆ ಚಂದ್ರಗಿರಿ ಹೊಳೆಯ ದಡದಲ್ಲಿರಲಿ. ಬೇಕಲದಲ್ಲಿ ನೋಡಿ, ಕೋಟೆ ಕೋಟೆಯಾಗಿಯೇ ಇದೆ. ಮಕ್ಕಳ ಆಟ, ಗೌಜಿ ಎಲ್ಲ ಪಕ್ಕದ ಪಳ್ಳಿಕ್ಕೆರೆಯ ಕಡಲ ಬದಿಯಲ್ಲಿ. ಅದೂ ಬೇಕಲದ ಕೋಟೆ ಸುಮಾರು 40 ಎಕರೆ. ನಮ್ಮ ಚಂದ್ರಗಿರಿಯದ್ದು 7 ಎಕರೆ ಚಿಲ್ಲರೆ. ಅಷ್ಟರಲ್ಲಿ ಸಿಮೆಂಟು ಸುರಿದರೆ ನೋಡಲಿಕ್ಕೆ ಉಳಿಯುವುದೇನು?

ನನಗೆ ಹೆಚ್ಚು ಆಸೆ ಇರುವುದು ಪ್ರದರ್ಶನದ ಮೇಲೆ. ‘17ನೇ ಶತಮಾನದಲ್ಲಿ ಕೆಳದಿಯ ಶಿವಪ್ಪ ನಾಯಕ ಕಟ್ಟಿಸಿದ್ದು’ ಎಂಬ ಒಂದು ಸಾಲು ಸಾಲದು. ಘಟ್ಟದ ಮೇಲಿನ ಅರಸನಿಗೆ ಈ ಹೊಳೆಯ ಮೇಲೆ ಯಾಕೆ ಕಣ್ಣು? ಕೆಳದಿಯವರಿಗೆ ತುಂಬ ಹಣ ಬರುತ್ತಿದ್ದದ್ದು ಕರಾವಳಿಯ ಬಂದರುಗಳಲ್ಲಿ ಹಡಗು ಹತ್ತುವ ಅಕ್ಕಿ, ಕರಿಮೆಣಸಿನಿಂದ. ಆ ಕರಾವಳಿಯನ್ನು ತೆಂಕು ತುದಿಯವರೆಗೂ ಕಾಯಬೇಕಿತ್ತು, ಮತ್ತು ತುಳುನಾಡಿನ ತೆಂಕು ಗಡಿ ಎಂದರೆ ಹಿಂದಿನಿಂದಲೂ ಇದೇ ಹೊಳೆ. ರಾಜ್ಯಗಳ ಗಡಿ ತಕರಾರು ನೋಡಲು ನೇಮಿಸಿದ ಮಹಾಜನ ಆಯೋಗದ 1967ರ ವರದಿಯೂ ಗಡಿಯ ಗೆರೆಗೆ ಇದನ್ನೇ ಹಿಡಿಯಿತು: ಚಂದ್ರಗಿರಿ, ಪಯಸ್ವಿನಿ ಹೊಳೆಗಳಿಂದ ಬಡಗಿನ ಭಾಗ ಮೈಸೂರು ರಾಜ್ಯಕ್ಕೆ ಸೇರಲಿ ಎಂದಿತು. ಸೇರಲಿಲ್ಲ, ಕೇರಳದಲ್ಲೇ ಉಳಿಯಿತು. ಇಷ್ಟೂ ಕಥೆ ಅಲ್ಲಿ ಮಲಯಾಳದ ಜೊತೆಗೆ ಕನ್ನಡದಲ್ಲೂ ಇರಬೇಕು. ಇದನ್ನು ನಾನು ಹಟ ಹಿಡಿದೇ ಕೇಳುತ್ತೇನೆ.

ಇನ್ನು ಕಲ್ಲು. ಮಾಸ್ಟ್ರಾಗಿದ್ದಾಗ ಮಕ್ಕಳನ್ನು ಅಲ್ಲಿಗೆ ಕರೆದುಕೊಂಡು ಹೋದರೆ ಮೊದಲು ಗೋಡೆ ಮುಟ್ಟಿಸುತ್ತಿದ್ದೆ. ಕೆಂಪು ಮುರಕಲ್ಲು, ಮೈತುಂಬ ತೂತು, ತೂತಿನೊಳಗೆ ಪಾಚಿ, ಪಾಚಿಯ ನಡುವೆ ಬೆರಳುದ್ದದ ಜರಿಗಿಡ. ನೆಲದಿಂದ ಕಡಿಯುವಾಗ ಮೆತ್ತಗಿದ್ದು ಗಾಳಿ ಬಿಸಿಲಿಗೆ ಗಟ್ಟಿಯಾಗುವ ಕಲ್ಲು ಇದು. ‘ನಮ್ಮ ಮನೆಯದ್ದೂ ಇದೇ ಕಲ್ಲಲ್ವಾ ಮಾಷೇ?’ ಎಂದು ಒಬ್ಬನಾದರೂ ಕೇಳುತ್ತಿದ್ದ. ಅಲ್ಲಿಂದ ಪಾಠ ತಾನಾಗಿ ಸಾಗುತ್ತಿತ್ತು. ಒಂದು ಹಸಿ ಕಲ್ಲು, ಒಂದು ಹಳೇ ಕಲ್ಲು, ಕಡಿಯುವ ಕೊಡಲಿ: ಪ್ರದರ್ಶನಕ್ಕೆ ಇಷ್ಟಿದ್ದರೂ ಸಾಕು, ಮುಟ್ಟಲಿಕ್ಕೆ ಬಿಡಬೇಕು ಅಷ್ಟೆ.

ಹೊಳೆಗೂ ಒಂದು ಮೂಲೆ ಕೊಡಬೇಕು. ಕೊಡಗಿನ ಬೆಟ್ಟದಿಂದ ಇಳಿದು ಸುಳ್ಯ ದಾಟಿ ನಿಮ್ಮ ಕಡೆಗೆ ಬರುವ ಪಯಸ್ವಿನಿಯೇ ಚಂದ್ರಗಿರಿಯನ್ನು ಕೂಡಿಕೊಂಡು ಈ ಕೋಟೆಯ ಬುಡಕ್ಕೆ ಬರುತ್ತದೆ. ಬೇಸಗೆಯಲ್ಲಿ ಹೊಳೆ ಸೊರಗಿದರೆ ಅಳಿವೆಯ ಉಪ್ಪುನೀರು ಮೇಲಕ್ಕೆ ಏರುತ್ತದೆ. ಕಾಸರಗೋಡು ಪೇಟೆಗೆ ಕುಡಿಯುವ ನೀರು ಎತ್ತುವ ಬಾವಿಕ್ಕೆರೆಯಲ್ಲಿ ಅಣೆಕಟ್ಟು ಬೇಕಾದದ್ದು ಈ ಉಪ್ಪಿನಿಂದಲೇ.

ಉದ್ಯಾನ ಆಗುವಾಗ ಆಗಲಿ, ಅದಕ್ಕೆ ಕಾಯಬೇಡಿ. ಮಳೆಗಾಲ ಬಿಡಿ, ಪಾಚಿ ಜಾರುತ್ತದೆ. ಮಳೆ ನಿಂತ ಮೇಲೆ ಒಂದು ಸಂಜೆ, ಬಿಸಿಲು ಇಳಿಯುವ ಹೊತ್ತಿಗೆ ಹೋಗಿ. ಮೊದಲು ಹೊಳೆ ಬದಿಯಲ್ಲಿ ದೋಣಿ ಹತ್ತಿಸಿ, ಕೋಟೆಯನ್ನು ಕೆಳಗಿನಿಂದ ತೋರಿಸಿ. ಆಮೇಲೆ ಮೇಲೆ ಹೋಗಿ ಕೊತ್ತಲದಲ್ಲಿ ನಿಲ್ಲಿಸಿ, ಹಡಗು ಬಂದರೆ ಎಲ್ಲಿಂದ ಬರಬಹುದು ಎಂದು ಕೇಳಿ.