ಸೀಗಡಿಯ ಕಣ್ಣಿಗೂ ಮೊಟ್ಟೆಗೂ ಏನು ನಂಟು? ಓದುಗರ ಪ್ರಶ್ನೆಗೆ ತಜ್ಞರ ಉತ್ತರ

ಸೀಗಡಿ, ಏಡಿಗಳ ಸಂತಾನೋತ್ಪತ್ತಿಯ ಬಗ್ಗೆ ಬಂದ ನಾಲ್ಕು ಪ್ರಶ್ನೆಗಳನ್ನು ಈ ಸಲ ಒಟ್ಟಿಗೆ ತೆಗೆದುಕೊಂಡಿದ್ದೇನೆ. ಮೊದಲನೆಯದು ನನಗೆ ತೀರಾ ಮುಖ್ಯವಾದದ್ದು, ಹಾಗಾಗಿ ಅದಕ್ಕೆ ಹೆಚ್ಚು ಜಾಗ ಕೊಟ್ಟಿದ್ದೇನೆ.

ಪ್ರಶ್ನೆ: ನಾನು ಮೀನುಗಾರಿಕೆ ವಿಜ್ಞಾನದ ವಿದ್ಯಾರ್ಥಿನಿ. ಹ್ಯಾಚರಿಗಳಲ್ಲಿ ಹೆಣ್ಣು ಸೀಗಡಿಯ ಒಂದು ಕಣ್ಣು ಕತ್ತರಿಸಿದರೆ ಅದು ಬೇಗ ಮೊಟ್ಟೆಯಿಡುತ್ತದೆ ಎಂದು ಪಾಠದಲ್ಲಿ ಬಂತು. ಕಣ್ಣಿಗೂ ಅಂಡಾಶಯಕ್ಕೂ ಏನು ಸಂಬಂಧ ಸರ್? ಬೇರೆ ದಾರಿಯೇ ಇಲ್ಲವೇ?

ಉತ್ತರ: ನೋಟಕ್ಕೂ ಮೊಟ್ಟೆಗೂ ಇಲ್ಲಿ ನಂಟಿಲ್ಲ. ಇರುವುದೆಲ್ಲ ಕಣ್ಣನ್ನು ಹೊತ್ತು ನಿಂತ ದಂಟಿನೊಳಗೆ. ಆ ಪುಟ್ಟ ದಂಟಿನಲ್ಲಿ ಎಕ್ಸ್ ಅಂಗ ಎಂಬ ನರಕೋಶಗಳ ಗುಂಪಿದೆ. ಅಲ್ಲಿ ತಯಾರಾದ ಹಾರ್ಮೋನುಗಳು ನರತಂತುಗಳ ಮೂಲಕ ಪಕ್ಕದ ಸೈನಸ್ ಗ್ರಂಥಿಗೆ ಬಂದು ಶೇಖರವಾಗುತ್ತವೆ, ಬೇಕಾದಾಗ ರಕ್ತಕ್ಕೆ ಇಳಿಯುತ್ತವೆ. ರಕ್ತದ ಸಕ್ಕರೆ, ಮೈಬಣ್ಣ, ಪೊರೆ ಕಳಚುವ ಕಾಲ, ಅಂಡಾಶಯದ ಬೆಳವಣಿಗೆ, ಇವಿಷ್ಟಕ್ಕೂ ಇಲ್ಲಿಂದಲೇ ಅಪ್ಪಣೆ ಹೋಗಬೇಕು.

ಈ ಅಪ್ಪಣೆಗಳಲ್ಲಿ ಬಹುಪಾಲು 'ಮಾಡು' ಎನ್ನುವುದಿಲ್ಲ, 'ಸದ್ಯಕ್ಕೆ ಬೇಡ' ಎನ್ನುತ್ತವೆ. ಪೊರೆ ಕಳಚಿಸುವ ಹಾರ್ಮೋನು ತಲೆಭಾಗದಲ್ಲಿರುವ ವೈ ಅಂಗದಲ್ಲಿ ಹುಟ್ಟುತ್ತದೆ. ಕಣ್ಣುದಂಟಿನ ಒಂದು ಹಾರ್ಮೋನು ಅದನ್ನು ತಡೆದಿಟ್ಟುಕೊಂಡಿರುತ್ತದೆ. ಮೊಟ್ಟೆಯೊಳಗೆ ಭಂಡಾರ, ಅಂದರೆ ಮರಿಗೆ ಬೇಕಾದ ಆಹಾರ, ತುಂಬುವ ಕೆಲಸವನ್ನು ಇನ್ನೊಂದು ಹಾರ್ಮೋನು ತಡೆಯುತ್ತದೆ. 1905ರಲ್ಲಿ ಜೀವವಿಜ್ಞಾನಿ ಚಾರ್ಲ್ಸ್ ಝೆಲೆನಿ ಫಿಡ್ಲರ್ ಏಡಿಗಳ ಕಣ್ಣುದಂಟು ತೆಗೆದಾಗ ಅವು ಬೇಗಬೇಗ ಪೊರೆ ಕಳಚಿದ್ದವು. 1943ರಲ್ಲಿ ಫ್ರಾನ್ಸಿನ ಪನೂಸ್ ಸೀಗಡಿಯಲ್ಲಿ ಇದನ್ನೇ ಮಾಡಿದಾಗ ಕಾಲವಲ್ಲದ ಕಾಲದಲ್ಲಿ ಅಂಡಾಶಯ ಉಬ್ಬಿತು. ಇಂದಿನ ಹ್ಯಾಚರಿಗಳ ಪದ್ಧತಿಗೆ ಬೇರು ಇದೇ ಪ್ರಯೋಗ. ಒಂದು ದಂಟು ಹೋದರೆ ತಡೆಯ ಅರ್ಧ ಬಲ ಹೋಗುತ್ತದೆ, ಅಂಡಾಶಯ ಕೆಲವೇ ದಿನಗಳಲ್ಲಿ ಬಲಿಯುತ್ತದೆ.

ಇಷ್ಟೊಂದು ತಡೆ ಯಾಕೆ ಬೇಕಿತ್ತು? ಮೊಟ್ಟೆ ಹೊತ್ತ ಏಡಿಯನ್ನೋ ಸಿಹಿನೀರಿನ ಸೀಗಡಿಯನ್ನೋ ತಿರುಗಿಸಿ ಹೊಟ್ಟೆಯ ಕೆಳಗೆ ಲೆನ್ಸ್ ಹಿಡಿದು ನೋಡಿ. ಈಜುಗಾಲುಗಳ ಸಣ್ಣ ಕೂದಲಿಗೆ ಮೊಟ್ಟೆಗಳು ಅಂಟಿನ ಎಳೆಯಿಂದ ತೂಗಿಕೊಂಡಿರುತ್ತವೆ. ಆ ಕೂದಲು ಚಿಪ್ಪಿನದೇ ಭಾಗ. ಮರಿಗಳು ಹೊರಬರುವ ಮುನ್ನ ತಾಯಿ ಪೊರೆ ಕಳಚಿದರೆ ಹಳೆಯ ಚಿಪ್ಪಿನ ಜೊತೆ ಇಡೀ ಸಂಸಾರವೇ ಹೋಯಿತು! ಅದೂ ಅಲ್ಲದೆ ಹೊಸ ಚಿಪ್ಪು ಕಟ್ಟುವುದಕ್ಕೂ ಭಂಡಾರ ತುಂಬುವುದಕ್ಕೂ ಮೈಯಲ್ಲಿರುವ ಅದೇ ದಾಸ್ತಾನು ಖರ್ಚಾಗಬೇಕು. ಎರಡನ್ನೂ ಒಟ್ಟಿಗೆ ಹಚ್ಚಿಕೊಂಡರೆ ಪ್ರಾಣಿ ಸೋಲುತ್ತದೆ. ಹಾಗಾಗಿ ಒಂದು ಮುಗಿಯುವ ತನಕ ಇನ್ನೊಂದನ್ನು ಕಾಯಿಸುವ ವ್ಯವಸ್ಥೆ ಇದು. ಕರಿಹುಲಿ ಸೀಗಡಿಯಂಥವು ಮೊಟ್ಟೆಯನ್ನು ಹೊರದೆ ನೀರಿಗೇ ಬಿಡುತ್ತವೆ, ಆದರೂ ದಾಸ್ತಾನಿನ ಲೆಕ್ಕ ಅವಕ್ಕೂ ತಪ್ಪಿದ್ದಲ್ಲ.

ಕಣ್ಣು ಕತ್ತರಿಸುವುದೆಂದರೆ ಬ್ರೇಕನ್ನೇ ಕಿತ್ತೆಸೆದು ಗಾಡಿ ಓಡಿಸಿದಂತೆ. ಅಂಡಾಶಯದ ತಡೆಯ ಜೊತೆಗೆ ಪೊರೆಯ ತಡೆ, ಸಕ್ಕರೆಯ ಹತೋಟಿ, ಎಲ್ಲವೂ ಸಡಿಲವಾಗುತ್ತವೆ. ಸೀಗಡಿ ಒಂದರ ಹಿಂದೊಂದು ಮೊಟ್ಟೆಯಿಡುತ್ತಾ ಬೇಗ ಬಸವಳಿಯುತ್ತದೆ, ಹೋಗುತ್ತಾ ಹೋಗುತ್ತಾ ಮೊಟ್ಟೆಯ ಗುಣಮಟ್ಟವೂ ಇಳಿಯುತ್ತದೆ. ನೋವಿನ ಪ್ರಶ್ನೆಯನ್ನೂ ಬದಿಗಿಡುವಂತಿಲ್ಲ. ಕತ್ತರಿಸಿದಾಗ ಅವು ಬಾಲ ಬಡಿಯುತ್ತವೆ, ಗಾಯವನ್ನು ಉಜ್ಜಿಕೊಳ್ಳುತ್ತವೆ. ಮೊದಲೇ ಮರಗಟ್ಟಿಸುವ ಔಷಧ ಹಚ್ಚಿದ್ದರೆ ಈ ವರ್ತನೆ ಕಡಿಮೆಯಾಗುತ್ತದೆ. ಬ್ರಿಟನ್ 2022ರ ಪ್ರಾಣಿಕಲ್ಯಾಣ ಕಾಯಿದೆಯಲ್ಲಿ ಏಡಿ, ಸೀಗಡಿ, ಲಾಬ್‌ಸ್ಟರ್‌ಗಳನ್ನು ಸಂವೇದನೆಯುಳ್ಳ ಜೀವಿಗಳೆಂದು ಸೇರಿಸಿಕೊಂಡಿದೆ.

ಬೇರೆ ದಾರಿ ಇದೆ. ಹಲವು ತಲೆಮಾರು ಸಾಕಿ ಪಳಗಿಸಿದ ವನ್ನಾಮೈ ಎಂಬ ಸಾಕಣೆ ಸೀಗಡಿಯ ತಳಿಗಳು ಸ್ಕ್ವಿಡ್, ಕಡಲ ಹುಳುಗಳಂಥ ಒಳ್ಳೆಯ ಆಹಾರ ಸಿಕ್ಕರೆ, ಬೆಳಕು ಮತ್ತು ನೀರಿನ ಉಷ್ಣತೆ ಹದವಾಗಿದ್ದರೆ ಕಣ್ಣಿದ್ದೇ ಮೊಟ್ಟೆಯಿಡುತ್ತವೆ. ಸಂಖ್ಯೆ ಸ್ವಲ್ಪ ಕಡಿಮೆಯಾದೀತು, ಮರಿಗಳು ಗಟ್ಟಿಯಾಗಿರುತ್ತವೆ. ಕರಿಹುಲಿ ಸೀಗಡಿಯಲ್ಲಿ ಥಾಯ್ಲೆಂಡಿನ ಸಂಶೋಧಕರು ಅಂಡಾಶಯವನ್ನು ತಡೆಯುವ ಹಾರ್ಮೋನಿನ ಜೀನನ್ನಷ್ಟೇ ಆರ್‌ಎನ್‌ಎ ಚುಚ್ಚುಮದ್ದಿನಿಂದ ಸುಮ್ಮನಾಗಿಸಿ ಮೊಟ್ಟೆಯಿಡಿಸಿದ್ದಾರೆ. ಕತ್ತರಿ ಹಿಡಿಯುವುದನ್ನು ಕಲಿಯುವ ಮುಂಚೆ ನಿಮ್ಮ ತಲೆಮಾರಿನವರು ಇದನ್ನು ಕಲಿಯಬೇಕೆಂಬುದು ನನ್ನ ಆಸೆ.

ಪ್ರಶ್ನೆ: ನಮ್ಮ ಅಕ್ವೇರಿಯಂನಲ್ಲಿ ಪುಟ್ಟ ಚೆರ್ರಿ ಸೀಗಡಿಗಳಿವೆ. ಒಂದು ಹೆಣ್ಣು ಪೊರೆ ಕಳಚಿದ್ದೇ ತಡ, ಅದುವರೆಗೆ ಪಾಚಿ ಮೇಯುತ್ತಿದ್ದ ಗಂಡುಗಳೆಲ್ಲ ಟ್ಯಾಂಕ್ ತುಂಬಾ ಅತ್ತಿಂದಿತ್ತ ಈಜಾಡತೊಡಗಿದವು. ನೀರು ಕೆಟ್ಟಿದೆಯೇ?

ಉತ್ತರ: ಗಾಬರಿಯಾಗಬೇಡಿ. ಪೊರೆ ಕಳಚಿದ ಹೆಣ್ಣು ನೀರಿಗೆ ಬಿಟ್ಟ ಸಂದೇಶ ಗಂಡುಗಳಿಗೆ ಮುಟ್ಟಿದೆ, ಅವು ಅವಳನ್ನು ಹುಡುಕುತ್ತಿವೆ. ಇಂಥ ವಾಸನೆಯ ಸಂಕೇತಗಳಿಗೆ ಫೆರೊಮೋನ್ ಎನ್ನುತ್ತಾರೆ. ಪೊರೆ ಕಳಚುವ ಮೊದಲು ಆ ಹೆಣ್ಣಿನ ತಲೆಯ ಹಿಂದೆ, ಬೆನ್ನಿನ ಮೇಲೆ ಕುದುರೆಯ ಜೀನಿನಾಕಾರದ ಹಳದಿ ಇಲ್ಲವೇ ಹಸಿರು ಕಲೆ ಕಂಡಿರಬೇಕು. ಅದು ಬಲಿತ ಅಂಡಾಶಯ. ಕೂಡಿದ ಮೇಲೆ, ಹೆಚ್ಚೆಂದರೆ ಒಂದೆರಡು ದಿನದೊಳಗೆ, ಆ ಮೊಟ್ಟೆಗಳು ಹೊಟ್ಟೆಯ ಕೆಳಕ್ಕೆ ಬಂದಿರುತ್ತವೆ.

ಗಂಡಿನ ತಲೆಯ ಮುಂದಿರುವ ಗಿಡ್ಡ ಮೀಸೆಗಳನ್ನು ಗಮನಿಸಿ. ಸುಮ್ಮನೆ ಅಲ್ಲಾಡುವಂತೆ ಕಂಡರೂ ಅದರಲ್ಲೊಂದು ಕ್ರಮವಿದೆ: ಕೆಳಕ್ಕೆ ಚಕ್ಕನೆ ಬಡಿತ, ಮೇಲಕ್ಕೆ ನಿಧಾನ. ಮೀಸೆಯ ತುಂಬ ವಾಸನೆ ಹಿಡಿಯುವ ನುಣುಪು ರೋಮಗಳ ಸಾಲಿದೆ. ಇಂಥ ಮೀಸೆಯ ಚಲನೆಯನ್ನು ಸ್ಪೈನಿ ಲಾಬ್‌ಸ್ಟರ್‌ನಲ್ಲಿ ಚೆನ್ನಾಗಿ ಅಧ್ಯಯನ ಮಾಡಿದ್ದಾರೆ. ಚಕ್ಕನೆ ಬಡಿದಾಗ ರೋಮಗಳ ನಡುವೆ ಹೊಸ ನೀರು ನುಗ್ಗುತ್ತದೆ, ನಿಧಾನವಾಗಿ ಎತ್ತುವಾಗ ಆ ನೀರು ಅಲ್ಲೇ ಸಿಕ್ಕಿಕೊಳ್ಳುತ್ತದೆ. ಒಂದೊಂದು ಬಡಿತವೂ ಒಂದೊಂದು ಸಲ ಮೂಸಿದ ಹಾಗೆ.

ದೊಡ್ಡ ಬಂಧುಗಳಲ್ಲಿ ಸಂದೇಶ ಸಾಗುವುದು ಮೂತ್ರದಲ್ಲಿ. ಇವುಗಳ ಮೂತ್ರದ್ವಾರ ಇರುವುದು ಮುಖದಲ್ಲಿ, ಉದ್ದ ಮೀಸೆಯ ಬುಡದಲ್ಲಿ. ಲಾಬ್‌ಸ್ಟರ್‌ನಂತೆ ಕಾಣುವ ಸಿಹಿನೀರಿನ ಸಿಗ್ನಲ್ ಕ್ರೇಫಿಶ್‌ನಲ್ಲಿ ಹೆಣ್ಣಿನ ಮೂತ್ರದ್ವಾರ ಮುಚ್ಚಿದಾಗ ಗಂಡುಗಳು ಅವಳನ್ನು ಕೂಡಲು ಹೋಗಲೇ ಇಲ್ಲ. ಅದೇ ಮೂತ್ರವನ್ನು ನೀರಿಗೆ ಬೆರೆಸಿದ ಮೇಲೆ ಶುರುಮಾಡಿದವು. ಅಮೆರಿಕನ್ ಲಾಬ್‌ಸ್ಟರ್ ಹೆಣ್ಣು ದಿನಗಟ್ಟಲೆ ಬಲಿಷ್ಠ ಗಂಡಿನ ಬಿಲದ ಬಾಯಿಗೆ ಬಂದು ಮೂತ್ರದ ಸಂದೇಶ ಬಿಡುತ್ತದೆ. ಎಲ್ಲರ ಮೇಲೂ ಏರಿಹೋಗುವ ಆ ಗಂಡು ಮೆತ್ತಗಾಗುತ್ತದೆ, ಹೆಣ್ಣು ಅದರ ಬಿಲದೊಳಗೇ ಪೊರೆ ಕಳಚುತ್ತದೆ. ಆಗ ಅದರ ಮೈ ತೀರಾ ಮೆದು, ಬೇರೆ ಯಾರು ಬಂದರೂ ತಿಂದುಹಾಕಬಹುದು. ಚಿಪ್ಪು ಗಟ್ಟಿಯಾಗುವ ತನಕ ಗಂಡು ಕಾವಲಿರುತ್ತದೆ.

ಆ ವಾಸನೆ ಯಾವ ರಾಸಾಯನಿಕ? ಪೊರೆ ಕಳಚಿಸುವ ಹಾರ್ಮೋನೇ ಸೋರಿ ಫೆರೊಮೋನ್ ಆಗುತ್ತದೆ ಎಂದು 1970ರ ದಶಕದಲ್ಲಿ ನಂಬಿದ್ದರು. ಮುಂದಿನ ಪ್ರಯೋಗಗಳಲ್ಲಿ ಅದು ನಿಲ್ಲಲಿಲ್ಲ. ಯುರೋಪಿನ ತೀರದ ಹಸಿರು ಏಡಿಯಲ್ಲಿ ಯುಡಿಪಿ ಎಂಬ ಚಿಕ್ಕ ಅಣು ಸಿಕ್ಕಿದೆ. ಕೈಟಿನ್ ಎಂಬ ಚಿಪ್ಪಿನ ವಸ್ತುವನ್ನು ದೇಹ ಹೆಣೆಯುವಾಗ ಉಳಿಯುವ ಉಪವಸ್ತು ಅದು. ಅಂದರೆ 'ನಾನು ಹೊಸ ಚಿಪ್ಪು ಕಟ್ಟುತ್ತಿದ್ದೇನೆ' ಎಂಬ ಸುದ್ದಿಯೇ 'ನಾನು ಸಿದ್ಧ' ಎಂಬ ಸುದ್ದಿ. ನಾನು ಇದನ್ನು ಓದಿದ ದಿನ ಪಟ್ಟ ಖುಷಿ ಇನ್ನೂ ಆರಿಲ್ಲ.

ಒಂದು ಮಾತು: ಮೀನಿನ ರೋಗಕ್ಕೆಂದು ತಾಮ್ರವಿರುವ ಔಷಧವನ್ನು ಆ ಟ್ಯಾಂಕಿಗೆ ಹಾಕಬೇಡಿ. ಮೀನು ತಡೆದುಕೊಳ್ಳುವ ಪ್ರಮಾಣವೇ ಸೀಗಡಿಯನ್ನು ಕೊಲ್ಲಬಹುದು.

ಪ್ರಶ್ನೆ: ಗಂಡು ಸೀಗಡಿಯನ್ನು ಹೆಣ್ಣಾಗಿ ಬದಲಿಸಬಹುದಂತೆ. ನಿಜವೇ?

ಉತ್ತರ: ನಿಜ. ಇವುಗಳಲ್ಲಿ ಗಂಡುತನದ ಹಾರ್ಮೋನು ವೃಷಣದಲ್ಲಿ ಹುಟ್ಟುವುದಿಲ್ಲ. ಅದಕ್ಕೆ ಬೇರೆಯೇ ಗ್ರಂಥಿಯಿದೆ, ವೀರ್ಯನಾಳದ ತುದಿಗೆ ಅಂಟಿಕೊಂಡಿರುತ್ತದೆ. 1954ರಲ್ಲಿ ಫ್ರಾನ್ಸಿನ ಎಲೆನ್ ಶಾರ್ನಿಯೋ-ಕೊಟ್ಟೋ ಕಡಲತೀರದಲ್ಲಿ ಕುಪ್ಪಳಿಸುವ ಒಂದು ಪುಟ್ಟ ಜೀವಿಯಲ್ಲಿ ಇದನ್ನು ಗುರುತಿಸಿದರು. ಹೆಣ್ಣಿಗೆ ಆ ಗ್ರಂಥಿಯನ್ನು ಕಸಿ ಮಾಡಿದರೆ ಅದರ ಅಂಡಾಶಯ ವೃಷಣದಂತಾಗುತ್ತಿತ್ತು. ಅಲ್ಲಿ ತಯಾರಾಗುವುದು ಇನ್ಸುಲಿನ್ ಕುಟುಂಬಕ್ಕೆ ಸೇರಿದ ಪ್ರೋಟೀನು ಎಂಬುದು ಆಮೇಲೆ ಗೊತ್ತಾಯಿತು.

ಸಿಹಿನೀರಿನ ದೊಡ್ಡ ಸೀಗಡಿಯಲ್ಲಿ ಇಸ್ರೇಲಿನ ಅಮೀರ್ ಸಾಗಿ ಅವರ ತಂಡ ಈ ಹಾರ್ಮೋನಿನ ಜೀನನ್ನು ಎಳೆಯ ಗಂಡುಗಳಲ್ಲಿ ಸುಮ್ಮನಾಗಿಸಿತು. ಅವು ಮೊಟ್ಟೆಯಿಡುವ ಹೆಣ್ಣುಗಳಾದವು! ಆ ಜಾತಿಯಲ್ಲಿ ಗಂಡಿನ ಲಿಂಗ ವರ್ಣತಂತು ಝಡ್‌ಝಡ್, ಹೆಣ್ಣಿನದು ಝಡ್‌ಡಬ್ಲ್ಯು. ಹೆಣ್ಣಾದ ಗಂಡು ಮಾಮೂಲಿ ಗಂಡಿನೊಡನೆ ಕೂಡಿದರೆ ಮರಿಗಳೆಲ್ಲ ಗಂಡೇ. ಗಂಡು ದೊಡ್ಡದಾಗಿ ಬೆಳೆಯುವುದರಿಂದ ಸಾಕಣೆಗೆ ಇದು ಲಾಭ. ಮರಿಗಳ ಜೀನುಗಳಲ್ಲಿ ಬದಲಾವಣೆಯೇನೂ ಆಗಿರುವುದಿಲ್ಲ.

'ಈ ಹಾರ್ಮೋನು ಇಲ್ಲದಿದ್ದರೆ ತಾನಾಗಿಯೇ ಹೆಣ್ಣು' ಎಂದು ಬಹಳ ಕಾಲ ಬರೆಯುತ್ತಿದ್ದರು. ಅದು ಪೂರ್ತಿ ಸರಿಯಲ್ಲ. 2014ರಲ್ಲಿ ಅಮೆರಿಕದ ನೀಲಿ ಏಡಿಯ ಕಣ್ಣುದಂಟಿನಲ್ಲಿ ಹೆಣ್ತನದ್ದೇ ಒಂದು ಹಾರ್ಮೋನು ವರದಿಯಾಯಿತು. ಅದನ್ನು ಅಡಗಿಸಿದರೆ ಕೂಡುವ ದ್ವಾರ, ಮೊಟ್ಟೆ ಹೊರುವ ಕೂದಲು ಸರಿಯಾಗಿ ಮೂಡುವುದಿಲ್ಲ.

ಪ್ರಶ್ನೆ: ಸೊಳ್ಳೆಮರಿ ಕೊಲ್ಲಲು ನಿಂತ ನೀರಿಗೆ ಹಾಕುವ ಹಾರ್ಮೋನು ಮಾದರಿಯ ಔಷಧ ಸೀಗಡಿ, ಏಡಿಗಳಿಗೆ ತೊಂದರೆ ಕೊಡುತ್ತದೆಯೇ?

ಉತ್ತರ: ಕೊಡಬಲ್ಲದು. ನೀವು ಹೇಳುತ್ತಿರುವುದು ಬಹುಶಃ ಮೆಥೋಪ್ರೀನ್. ಅದು ಕೀಟಗಳ ಬಾಲ್ಯ ಹಾರ್ಮೋನಿನ ನಕಲು. ಸೀಗಡಿ, ಏಡಿಗಳಲ್ಲಿ ಆ ಹಾರ್ಮೋನಿನ ಹತ್ತಿರದ ಬಂಧು ಮೀಥೈಲ್ ಫಾರ್ನೆಸೋಯೇಟ್. 1987ರಲ್ಲಿ ಒಂದು ಜಾತಿಯ ಏಡಿಯಲ್ಲಿ ಗುರುತಿಸಿದ ಇದು ಸಂತಾನೋತ್ಪತ್ತಿಯಲ್ಲಿ ಕೈಯಾಡಿಸುತ್ತದೆ. ಡಾಫ್ನಿಯಾ ಎಂಬ ನೀರುಚಿಗಟೆಯಲ್ಲಿ ಪರಿಣಾಮ ಕಣ್ಣಿಗೇ ಕಾಣುತ್ತದೆ: ಅನುಕೂಲದ ಕಾಲದಲ್ಲಿ ಗಂಡಿಲ್ಲದೆ ಬರೀ ಹೆಣ್ಣುಮರಿ ಹಾಕುವ ಅದು, ಇಂಥ ನಕಲಿ ಹಾರ್ಮೋನು ಸೋಕಿದರೆ ಗಂಡುಮರಿ ಹಾಕತೊಡಗುತ್ತದೆ. ಮರಿ ಮೀನುಗಳು ತಿಂದು ಬೆಳೆಯುವುದು ಇಂಥವನ್ನೇ. ಚಿಪ್ಪಿನ ಕೈಟಿನ್ ತಯಾರಿಯನ್ನೇ ನಿಲ್ಲಿಸುವ ಡೈಫ್ಲುಬೆಂಜುರಾನ್ ಇನ್ನೂ ಅಪಾಯಕಾರಿ. ಪೊರೆ ಕಳಚುವ ಯಾವ ಜೀವಿಯೂ ಅದರಿಂದ ತಪ್ಪಿಸಿಕೊಳ್ಳುವುದು ಕಷ್ಟ. ಸೀಗಡಿ ಕೊಳಕ್ಕೆ ಹರಿದು ಸೇರುವ ನೀರಿಗೆ ಇವೆರಡನ್ನೂ ಹಾಕಬೇಡಿ. ಸೊಳ್ಳೆಗೆ ಬಿಟಿಐ ಬ್ಯಾಕ್ಟೀರಿಯಾದ ಪುಡಿ ಸಿಗುತ್ತದೆ, ಸೀಗಡಿ ಏಡಿಗಳ ಮಟ್ಟಿಗೆ ಅದು ಎಷ್ಟೋ ವಾಸಿ.