ಸಿಪಾಯಿ ಬರ್ದದ್ದು ಇತಿಹಾಸ ಆಗ್ತೈತೇನ್ರಿ?

ಪ್ರಶ್ನೆ: ಸರ್ ನಮಸ್ಕಾರ, ನಾನು ರಿಟೈರ್ಡ್ ಹವಾಲ್ದಾರ್, ಗದಗ ಹತ್ರದ ಹಳ್ಳಿಯವ. ಸರ್ವಿಸಿನಾಗ ಬರ್ದಿಟ್ಟ ಮೂರು ಡೈರಿ ಟ್ರಂಕಿನ್ಯಾಗ ಅದಾವ, ಪುಸ್ತಕ ಮಾಡ್ರಿ ಅಂತ ಮಗಳು ಗಂಟುಬಿದ್ದಾಳ. ಆದ್ರ ಸಿಪಾಯಿ ಬರ್ದದ್ದನ್ನ ಇತಿಹಾಸ ಅಂತ ಯಾರ್ ಒಪ್ತಾರ್ರಿ? ಹೋದ ಸಂಚಿಕ್ಯಾಗ ಪೋಲೆಂಡಿನ ಒಬ್ಬ ಜನರಲ್ ಇತಿಹಾಸಕಾರರೂ ಆಗಿದ್ರು ಅಂದಿದ್ರಿ, ಅವರ ಬಗ್ಗೆ ಹೇಳ್ರಿ.

ಉತ್ತರ: ಅವರು ಮರಿಯನ್ ಕುಕಿಯೆಲ್ ರೀ. 1885ರಾಗ ಹುಟ್ಟಿದಾಗ ಪೋಲೆಂಡ್ ಅನ್ನೋ ದೇಶನ ನಕಾಶೆದಾಗ ಇರ್ಲಿಲ್ಲ, ರಷ್ಯಾ ಆಸ್ಟ್ರಿಯಾ ಜರ್ಮನಿ ಹಂಚ್ಕೊಂಡು ಕುಂತಿದ್ವು. ಲ್ವೂಫ್ (ಈಗ ಯುಕ್ರೇನಿನ ಲ್ವಿವ್) ಯೂನಿವರ್ಸಿಟ್ಯಾಗ ಇತಿಹಾಸ ಓದಿದ್ರು, ಅದರ ಜೋಡಿನ ಸ್ವಾತಂತ್ರ್ಯಕ್ಕ ಗುಪ್ತವಾಗಿ ಸೈನ್ಯ ಕಟ್ಟೋರ ಗುಂಪಿನ್ಯಾಗೂ ಇದ್ರು, ಮೊದಲ್ನೇ ಮಹಾಯುದ್ಧದಾಗ ಹೋರಾಡಿದ್ರು. 1930ರಾಗ ಆರ್ಮಿ ಬಿಟ್ಟು ಕ್ರಾಕೂಫ್‌ದಾಗ ಮ್ಯೂಸಿಯಮ್ ನೋಡ್ಕೊಂತ, 1812ರಾಗ ನೆಪೋಲಿಯನ್ ರಷ್ಯಾ ಮ್ಯಾಲೆ ದಂಡೆತ್ತಿ ಹೋದದ್ದರ ಬಗ್ಗೆ ದೊಡ್ಡ ಗ್ರಂಥ ಬರೆದ್ರು. 1939ರಾಗ ಹಿಟ್ಲರ್ ನುಗ್ಗಿದಾಗ ವಯಸ್ಸು 54, ಆದ್ರೂ ಲ್ವೂಫ್ ಕಾಯಾಕ ತಾವಾಗೇ ಹೋದ್ರು. ಆಮ್ಯಾಲೆ ತಪ್ಪಿಸ್ಕೊಂಡು ಫ್ರಾನ್ಸ್, ಅಲ್ಲಿಂದ ಸ್ಕಾಟ್ಲೆಂಡಿನ್ಯಾಗ ಪೋಲಿಷ್ ಕೋರ್ ಕಮಾಂಡರ್, 1942ರಾಗ ದೇಶ ಬಿಟ್ಟು ಲಂಡನ್ನಿನಿಂದ ನಡೀತಿದ್ದ ಪೋಲಿಷ್ ಸರ್ಕಾರದ ರಕ್ಷಣಾ ಮಂತ್ರಿ.

ನಿಮ್ಮ ಪ್ರಶ್ನೆಗೆ ಉತ್ತರ ಇರೋದು ಮಾತ್ರ 1943ರ ಏಪ್ರಿಲ್‌ದಾಗ. ರಷ್ಯಾದ ಕತಿನ್ ಕಾಡಿನ್ಯಾಗ ಸಾವಿರಾರು ಪೋಲಿಷ್ ಆಫೀಸರ್‌ಗಳ ಹೆಣ ಸಿಕ್ಕಾವ, ಕೊಂದಾವ್ರು ಸೋವಿಯತ್‌ನವ್ರು ಅಂತ ಜರ್ಮನ್ ರೇಡಿಯೋ ಸಾರ್ತು. ಹೇಳಾಂವ ಹಿಟ್ಲರ್, ಹೆಂಗ್ ನಂಬೋದು? ಆರೋಪ ಬಂದದ್ದು ಬ್ರಿಟನ್ನಿನ ದೋಸ್ತ್ ದೇಶದ ಮ್ಯಾಲೆ, ಬಾಯಿ ಮುಚ್ಕೊಂಡಿರೋದ ಸುಲಭ ಇತ್ತು. ಕುಕಿಯೆಲ್ ಚೀರಾಡ್ಲಿಲ್ಲ, ತಮ್ಮ ಕಡೆ ಇದ್ದ ಲೆಕ್ಕ ಮುಂದಿಟ್ರು: 1939ರಾಗ ಪೂರ್ವದಿಂದ ಪೋಲೆಂಡಿಗೆ ನುಗ್ಗಿದ ಸೋವಿಯತ್‌ನವ್ರು ಸೆರೆಯಾಳುಗಳನ್ನ ಇಟ್ಟಿದ್ದ ಕೊಜೆಲ್ಸ್ಕ್, ಸ್ಟಾರೊಬೆಲ್ಸ್ಕ್, ಒಸ್ತಾಶ್ಕೊವ್ ಕ್ಯಾಂಪಿನ್ಯಾಗ ಎಷ್ಟು ಜನ ಇದ್ರು, 1940ರಾಗ ಕ್ಯಾಂಪ್ ಯಾವಾಗ ಖಾಲಿ ಆದ್ವು, ಮಾಸ್ಕೋಕ್ಕ ಎಷ್ಟು ಸಲ ಕೇಳಿದ್ವಿ, ಈಗ ಇಂಟರ್ನ್ಯಾಷನಲ್ ರೆಡ್ ಕ್ರಾಸ್ ಬಂದು ನೋಡ್ಲಿ. ಇದು ಇತಿಹಾಸಕಾರನ ಕೈ ರೀ, ನನಗ ಈಗ್ಲೂ ಓದಿದ್ರ ಮೈ ಜುಮ್ ಅಂತೈತಿ. ಏಪ್ರಿಲ್ 25ಕ್ಕ ಸೋವಿಯತ್‌ನವ್ರು ಪೋಲಿಷ್ ಸರ್ಕಾರದ ಜೋಡಿ ಸಂಬಂಧನ ಕಡ್ಕೊಂಡ್ರು.

ಸತ್ತವರಾಗ ಆಡಮ್ ಸೊಲ್ಸ್ಕಿ ಅಂತ ಒಬ್ಬ ಮೇಜರ್ ಇದ್ರು, ಅವರ ಡೈರಿ ಹೆಣದ ಮ್ಯಾಲೇ ಸಿಕ್ತು. ಕೊನೀಗೆ ಬರ್ದದ್ದು 1940ರ ಏಪ್ರಿಲ್ 9. ಯಾವ್ದೋ ಕಾಡಿಗೆ ಕರ್ಕೊಂಡ್ ಬಂದಾರ, ಝಡ್ತಿ ಮಾಡಿದ್ರು, ವಾಚ್ ತಗೊಂಡ್ರು ಅಂತ ಬರ್ದು, ಆಗ ವಾಚಿನ್ಯಾಗ ಎಷ್ಟು ಗಂಟೆ ಆಗಿತ್ತು ಅನ್ನೋದನ್ನೂ ಬರ್ದಾರ, ಮದುವಿ ಉಂಗುರ ಎಲ್ಲಿ ಅಂತ ಕೇಳಿದ್ದನ್ನೂ. ಆ ತಾರೀಖಿನ್ಯಾಗ ಆ ಕಾಡು ಇನ್ನೂ ಜರ್ಮನ್ನರ ಕೈಗೆ ಬಂದಿರ್ಲಿಲ್ಲ, ಅವರು ಬಂದದ್ದು 1941ರಾಗ. ಕೊಂದದ್ದು ಸೋವಿಯತ್‌ನವ್ರೇ ಅಂತ ಮಾಸ್ಕೋ 1990ರಾಗ ಒಪ್ಕೊಂತು, ಕುಕಿಯೆಲ್ 1973ರಾಗ ಲಂಡನ್ನಿನ್ಯಾಗ ತೀರ್ಕೊಂಡಿದ್ರು. ಅಲ್ಲಿ ಅವರೂ ಸೇರಿ ಕಟ್ಟಿದ ಸಿಕೋರ್ಸ್ಕಿ ಸಂಸ್ಥೆದಾಗ ಪೋಲಿಷ್ ಸೈನ್ಯದ ಕಾಗದಪತ್ರ ಇವತ್ತಿಗೂ ಅದಾವ.

ಅದಕ್ಕ ಹವಾಲ್ದಾರ್ ಸಾಹೇಬ್ರ, ಡೈರಿ ತಿದ್ದಬ್ಯಾಡ್ರಿ, ಚಂದಂಗೆ ಕಾಪಿ ಮಾಡಿ ಹಳೇದು ಒಗೀಬ್ಯಾಡ್ರಿ. ಮನಿಗೆ ಬರ್ದ ಇನ್‌ಲ್ಯಾಂಡ್ ಲೆಟರ್ ಅಕ್ಕೋರ ಕಡೆ ಇದ್ರ ಇಸ್ಕೊಳ್ರಿ, ತಾರೀಖು ತಾಳೆ ನೋಡಾಕ ಬೇಕಾಗ್ತಾವ. ಮಗಳನ್ನೂ ಕರ್ಕೊಂಡು ಒಂದಿನ ಧಾರವಾಡಕ್ಕ ಬರ್ರಿ, ಮೂರೂ ಡೈರಿ ಕೂತು ಓದೋಣು.